ಅಣ್ಣ ಜೈಲಿನಿಂದ ಮನೆಗೆ ಬಂದಿದ್ದಾನೆ, ಮನೆಯವರು ಹೇಗಿರಬೇಕು?

ಕಿರಿಯವಳು:
ಎಲ್ಲರಿಗೂ ನಮಸ್ಕಾರ. ಬಹಳ ದಿನದಿಂದ ಇಲ್ಲಿ ಓದುತ್ತಿದ್ದೇನೆ, ಬರೆಯುತ್ತಿರುವುದು ಇದೇ ಮೊದಲು.

ನನ್ನ ಅಣ್ಣ ಒಂದು ಕೇಸಿನಲ್ಲಿ ಸಿಕ್ಕಿ ವರ್ಷಗಟ್ಟಲೆ ವಿಚಾರಣಾಧೀನ ಕೈದಿಯಾಗಿ ಒಳಗಿದ್ದ. ಜಾಮೀನು ಸಿಗಲೇ ಇಲ್ಲ. ಕೊನೆಗೆ ಕೋರ್ಟು ಖುಲಾಸೆ ಮಾಡಿತು, ಮನೆಗೆ ಬಂದ. ಇನ್ನು ಎಲ್ಲ ಸರಿಹೋಯಿತು ಅಂದುಕೊಂಡೆವು.

ಆದರೆ ಏನೋ ಸರಿ ಇಲ್ಲ. ರಾತ್ರಿ ಲೈಟ್ ಆರಿಸಿದರೆ ಎದ್ದು ಕೂರುತ್ತಾನೆ. ಬೆಳಗ್ಗೆ ಎಲ್ಲರಿಗಿಂತ ಮುಂಚೆ ಎದ್ದು, ಹೊದಿಕೆ ಮಡಿಸಿಟ್ಟು, ಮಂಚದ ತುದಿಯಲ್ಲಿ ನೆಟ್ಟಗೆ ಕೂತಿರುತ್ತಾನೆ. ಊಟ ನಾಲ್ಕೈದು ನಿಮಿಷಕ್ಕೆ ಮುಗಿಯುತ್ತದೆ, ಅದೂ ತಟ್ಟೆಯ ಸುತ್ತ ಒಂದು ಕೈ ಅಡ್ಡ ಇಟ್ಟುಕೊಂಡು. ಕಪಾಟು ಖಾಲಿ ಮಾಡಿಕೊಟ್ಟಿದ್ದೇವೆ. ಅವನ ಬಟ್ಟೆ, ಸೋಪು, ಕೋರ್ಟಿನ ಪೇಪರು ಎಲ್ಲ ಇನ್ನೂ ಒಂದೇ ಚೀಲದಲ್ಲಿ, ಮಂಚದ ಕೆಳಗೆ. ಹೊಸ ಅಂಗಿ ತೆಗೆಯೋಣ ಅಂತ ಕರೆದುಕೊಂಡು ಹೋದೆ. ಯಾವುದು ಬೇಕು ಅಂತ ಕೇಳಿದ್ದಕ್ಕೆ ಮುಖ ಬೆವರಿತು, ಮಾತೇ ಆಡದೆ ಹೊರಗೆ ನಡೆದುಬಿಟ್ಟ.

ಅಪ್ಪ "ಹೊರಗೆ ಬಂದಾಯಿತಲ್ಲ, ಇನ್ನೇನು ನಿನ್ನ ಗೋಳು" ಅಂತ ರೇಗುತ್ತಾರೆ. ಅಮ್ಮ ಮೂಲೆಯಲ್ಲಿ ಅಳುತ್ತಾಳೆ. ಇದು ಎಷ್ಟು ದಿನ ಹೀಗೆ? ನಾವು ಏನು ಮಾಡಬೇಕು, ಏನು ಮಾಡಬಾರದು? ಗೊತ್ತಿದ್ದವರು ದಯವಿಟ್ಟು ಹೇಳಿ.

ಮೂರನೇ ಬೆಂಚು:
ಮೊದಲು ನಿಮ್ಮ ಅಪ್ಪನಿಗೆ ಹೇಳಿ, ರೇಗಬೇಡಿ ಅಂತ. ಮಿಕ್ಕಿದ್ದು ಆಮೇಲೆ.

ಒಳಗಿದ್ದವನು:
ತಂಗೀ, ನಾನೂ ಒಳಗಿದ್ದು ಬಂದವನು. ನನ್ನದು ಶಿಕ್ಷೆಯಾದ ಕೇಸು. ನಿಮ್ಮ ಅಣ್ಣ ಮಾಡುತ್ತಿರುವ ಒಂದೊಂದಕ್ಕೂ ಕಾರಣ ಇದೆ, ಹೇಳುತ್ತೇನೆ.

ಬ್ಯಾರಕ್‌ನಲ್ಲಿ ರಾತ್ರಿ ದೀಪ ಆರಿಸುವುದಿಲ್ಲ. ಕಾವಲಿನವರಿಗೆ ಎಲ್ಲರೂ ಕಾಣುತ್ತಿರಬೇಕು. ಶುರುವಿನಲ್ಲಿ ಮುಖದ ಮೇಲೆ ಟವೆಲ್ ಎಳೆದುಕೊಂಡು ಮಲಗುತ್ತೇವೆ, ಆಮೇಲೆ ಆ ಬೆಳಕಿಲ್ಲದೆ ನಿದ್ದೆ ಬರುವುದಿಲ್ಲ. ಅಲ್ಲಿ ಕತ್ತಲಾಯಿತು ಅಂದರೆ ಏನೋ ಆಗಿದೆ ಅಂತಲೇ ಲೆಕ್ಕ. ಕರೆಂಟ್ ಹೋದರೆ ಮಲಗಿದ್ದವರೆಲ್ಲ ಎದ್ದು ಗೋಡೆಗೆ ಬೆನ್ನು ಕೊಟ್ಟು ಕೂರುತ್ತಿದ್ದರು. ಬೆಳಗ್ಗೆ ಮಂಚದ ತುದಿಯಲ್ಲಿ ಕೂರುವುದು ಎಣಿಕೆಗೆ. ಬಾಗಿಲು ತೆಗೆಯುವ ಮುಂಚೆ ತಲೆ ಎಣಿಸುತ್ತಾರೆ, ಸಂಜೆ ಬೀಗ ಹಾಕುವಾಗ ಮತ್ತೆ. ಒಂದು ತಲೆ ಹೆಚ್ಚುಕಮ್ಮಿ ಆದರೆ ಇಡೀ ಬ್ಯಾರಕ್ ಕಾಯಬೇಕು. ಚೀಲ ಯಾಕೆ ಅಂದರೆ, ಯಾವ ಹೊತ್ತಿಗೆ ಬೇರೆ ಬ್ಯಾರಕ್‌ಗೆ ಹಾಕುತ್ತಾರೋ, ಯಾವಾಗ ತಪಾಸಣೆ ಬರುತ್ತದೋ ಗೊತ್ತಿಲ್ಲ. ಚೀಲದ ಹೊರಗೆ ಬಿಟ್ಟ ವಸ್ತು ನಮ್ಮದಲ್ಲ.

ಹೊರಗಿನವರು ಮೊದಲು ಕೇಳುವುದು ಹೊಡೆದಾಟದ ಬಗ್ಗೆ. ಅದು ಇಲ್ಲ ಅಂತಲ್ಲ. ಆದರೆ ಮನುಷ್ಯನನ್ನು ಒಳಗಿಂದ ತಿನ್ನುವುದು ಕಾಯುವ ಕೆಲಸ. ನಲ್ಲಿಗೆ ಕಾಯಬೇಕು, ಶೌಚಕ್ಕೆ ಕಾಯಬೇಕು, ಬಾಗಿಲಿಗೆ, ಡಾಕ್ಟರಿಗೆ, ಕಾಗದಕ್ಕೆ. ವಿಚಾರಣಾಧೀನರಿಗೆ ಇದು ಇನ್ನೂ ಜಾಸ್ತಿ. ಶಿಕ್ಷೆಯಾದವನಿಗೆ ಕೊನೆ ಯಾವಾಗ ಅಂತ ಸುಮಾರಾಗಿ ಗೊತ್ತಿರುತ್ತದೆ. ವಿಚಾರಣಾಧೀನನಿಗೆ ಮುಂದಿನ ತಾರೀಕು ಮಾತ್ರ ಗೊತ್ತು. ನಮ್ಮ ಪಕ್ಕದಲ್ಲಿ ಮಲಗುತ್ತಿದ್ದ ಹುಡುಗನೊಬ್ಬ ತಾರೀಕಿನ ಹಿಂದಿನ ರಾತ್ರಿ ಇದ್ದುದರಲ್ಲಿ ಒಳ್ಳೆಯ ಅಂಗಿಯನ್ನು ಮಡಿಸಿ ತಲೆಯಡಿ ಇಟ್ಟುಕೊಳ್ಳುತ್ತಿದ್ದ, ಇಸ್ತ್ರಿ ಹಾಕಿದ ಹಾಗೆ ಗೆರೆ ಕೂರಲಿ ಅಂತ. ವ್ಯಾನಿನಲ್ಲಿ ಹೋಗುತ್ತಿದ್ದ. ಸಾಕ್ಷಿ ಬಂದಿಲ್ಲ, ಇನ್ನೊಂದು ತಾರೀಕು. ಸಂಜೆ ವಾಪಸ್ ಬಂದಾಗ ಯಾರೂ ಏನಾಯಿತು ಅಂತ ಕೇಳುತ್ತಿರಲಿಲ್ಲ. ಅವನು ಆ ಅಂಗಿ ಬಿಚ್ಚಿ ಚೀಲಕ್ಕೆ ತುರುಕುವುದನ್ನು ನೋಡಿದರೆ ಸಾಕು, ಗೊತ್ತಾಗುತ್ತಿತ್ತು.

ಅಂಗಿಯ ಅಂಗಡಿಯಲ್ಲಿ ಆದದ್ದೂ ಇದೇ. ವರ್ಷಗಟ್ಟಲೆ ಅವನ ಪರವಾಗಿ ಬೇರೆಯವರು ತೀರ್ಮಾನ ಮಾಡಿದ್ದಾರೆ. ಒಂದೇ ಸಲ ನೂರು ಅಂಗಿ ಮುಂದೆ ಹರಡಿದರೆ ತಲೆ ಕೆಲಸ ಮಾಡುವುದಿಲ್ಲ. ಎರಡು ತೋರಿಸಿ, ಇದಾ ಅದಾ ಅಂತ ಕೇಳಿ. ಹಿಂದಿನಿಂದ ಹೋಗಿ ಹೆಗಲು ಮುಟ್ಟಬೇಡಿ, ಮುಂದಿನಿಂದ ಹೆಸರು ಕರೆದು ಹೋಗಿ. ಲೈಟ್ ಉರಿಯಲಿ ಬಿಡಿ. ಮತ್ತೆ ಮನೆಯ ಒಂದು ಬೀಗದ ಕೈ ಅವನ ಕೈಗೆ ಕೊಡಿ. ಬೇಕಾದಾಗ ತೆಗೆದು ಹೊರಗೆ ಹೋಗಿ ಬರಲಿ, ಎಲ್ಲಿಗೆ ಅಂತ ಕೇಳಬೇಡಿ.

ನದಿಮೀನು:
ಬೀಗದ ಕೈ ಮಾತು ನೂರಕ್ಕೆ ನೂರು ನಿಜ. ನಮ್ಮ ಚಿಕ್ಕಪ್ಪ ಬಂದಾಗ ಯಾರಿಗೂ ಇದು ಹೊಳೆಯಲಿಲ್ಲ. ಬಾಗಿಲು ತೆರೆದೇ ಇದ್ದರೂ ಹೊಸ್ತಿಲ ಹತ್ತಿರ ನಿಂತಿರುತ್ತಿದ್ದರು.

ನೇರ ಮಾತು:
ಕಿರಿಯವಳು, ನಿಮ್ಮ ಅಣ್ಣ ನಿರಪರಾಧಿ, ಅದು ಬೇರೆ ವಿಚಾರ. ಆದರೆ ಇಲ್ಲಿ ಜೈಲು ಅಂದರೆ ಅಯ್ಯೋ ಪಾಪ ಅನ್ನುವ ಧಾಟಿ ಶುರುವಾಗುತ್ತಿದೆ. ಜೈಲು ಕಷ್ಟ ಇರಬೇಕಾದ್ದೇ. ಕಷ್ಟ ಇಲ್ಲದಿದ್ದರೆ ಅದು ಶಿಕ್ಷೆ ಹೇಗಾಗುತ್ತದೆ? ಅನ್ಯಾಯ ಆದವರ ಮನೆ ಬಗ್ಗೆ ಯಾರೂ ಒಂದು ಸಾಲು ಬರೆಯುವುದಿಲ್ಲ.

ಕಪ್ಪು ಕೋಟು:
ನೇರ ಮಾತು ಅವರೇ, ಶಿಕ್ಷೆ ಏನು ಅನ್ನುವುದನ್ನು ಕೋರ್ಟು ಹೇಳುತ್ತದೆ. ಸ್ವಾತಂತ್ರ್ಯ ಕಿತ್ತುಕೊಳ್ಳುವುದು, ಇಷ್ಟು ವರ್ಷ ಅಂತ. ನಿದ್ದೆ ಕಿತ್ತುಕೊಳ್ಳಿ, ಔಷಧಿ ತಡ ಮಾಡಿ, ಮಕ್ಕಳ ಮುಖ ತೋರಿಸಬೇಡಿ ಅಂತ ಯಾವ ತೀರ್ಪಿನಲ್ಲೂ ಬರೆದಿರುವುದಿಲ್ಲ. ಅದೆಲ್ಲ ಮೇಲೆ ಸೇರಿಕೊಳ್ಳುವ ಶಿಕ್ಷೆ. ಕೈದಿಗಳ ಬಗ್ಗೆ ವಿಶ್ವಸಂಸ್ಥೆ 2015ರಲ್ಲಿ ಒಪ್ಪಿದ ಮಂಡೇಲಾ ನಿಯಮಗಳು ಇದನ್ನೇ ಹೇಳುತ್ತವೆ: ಸೆರೆಯೇ ಒಂದು ಸಂಕಟ, ಜೈಲು ವ್ಯವಸ್ಥೆ ಅದನ್ನು ಇನ್ನಷ್ಟು ಹೆಚ್ಚಿಸಬಾರದು.

ಇನ್ನೊಂದು ಮಾತು. ನೀವು "ಶಿಕ್ಷೆ" ಅಂತ ಮಾತಾಡುತ್ತಿದ್ದೀರಿ. ಭಾರತದ ಜೈಲುಗಳಲ್ಲಿ 2022ರ ಕೊನೆಗೆ ಸುಮಾರು 5.73 ಲಕ್ಷ ಜನ ಇದ್ದರು, ಅದರಲ್ಲಿ ಸುಮಾರು 4.34 ಲಕ್ಷ ಜನ ವಿಚಾರಣಾಧೀನರು. ನಾಲ್ವರಲ್ಲಿ ಮೂವರಿಗೆ ಶಿಕ್ಷೆಯೇ ಆಗಿಲ್ಲ. ಇರುವ ಜಾಗಕ್ಕಿಂತ ಜನ ಮೂವತ್ತು ಪರ್ಸೆಂಟ್ ಜಾಸ್ತಿ. ಯಾವ ಶಿಕ್ಷೆಯ ಬಗ್ಗೆ ಮಾತಾಡುತ್ತಿದ್ದೀರಿ?

ನೇರ ಮಾತು:
ಅಂಕಿ ಸರಿ. ಆದರೆ ಜಾಮೀನು ಕೊಟ್ಟ ತಕ್ಷಣ ಸಾಕ್ಷಿಗಳನ್ನು ಹೆದರಿಸುವವರೂ ಇದ್ದಾರೆ. ಅದನ್ನೂ ಹೇಳಿ.

ಕಪ್ಪು ಕೋಟು:
ಇದ್ದಾರೆ. ಅವರ ಜಾಮೀನು ರದ್ದು ಮಾಡಿಸಲು ಕಾನೂನಿನಲ್ಲಿ ದಾರಿ ಇದೆ. ಆದರೆ ಒಳಗೆ ಉಳಿದವರಲ್ಲಿ ಅಂಥವರು ಎಷ್ಟು ಜನ ಅಂತೀರಿ? ಜಾಮೀನು ಮಂಜೂರಾದ ಮೇಲೂ ಶ್ಯೂರಿಟಿ ಕೊಡುವವರು ಸಿಗದೆ ಒಳಗೇ ಇರುವವರನ್ನು ನಾನು ದಿನಾ ನೋಡುತ್ತೇನೆ. ಅವರು ಅಪಾಯಕಾರಿಗಳಲ್ಲ, ಬಡವರು ಅಷ್ಟೇ.

ಹಳೇ ಕಡತ:
ದುಡ್ಡಿಲ್ಲದೆ ಒಳಗೆ ಉಳಿಯುವುದು ಇವತ್ತಿನದಲ್ಲ. ಇಂಗ್ಲೆಂಡಿನಲ್ಲಿ ಜಾನ್ ಹೋವರ್ಡ್ ಅಂತ ಒಬ್ಬರು 1773ರಲ್ಲಿ ಬೆಡ್‌ಫರ್ಡ್‌ಶೈರ್‌ನ ಶೆರಿಫ್ ಆದರು, ಅಲ್ಲಿನ ಜೈಲಿನ ಹೊಣೆಯೂ ಅವರದೇ. ಅಲ್ಲಿನ ಜೈಲು ನೋಡಲು ಹೋದರೆ ನಿರಪರಾಧಿ ಅಂತ ತೀರ್ಪಾದವರೂ ಒಳಗೇ ಇದ್ದರು. ಕಾರಣ ಕೇಳಿದರೆ, ಜೈಲರ್‌ಗೆ ಕೊಡಬೇಕಾದ ಫೀಸು ಕೊಟ್ಟಿಲ್ಲ. ಆಗ ಜೈಲರ್‌ಗಳಿಗೆ ಸಂಬಳ ಇರಲಿಲ್ಲ, ಕೈದಿಗಳಿಂದಲೇ ವಸೂಲಿ. ಹೋವರ್ಡ್ ಊರೂರು ಸುತ್ತಿ ಜೈಲುಗಳನ್ನು ಅಳೆದು, ಎಣಿಸಿ, ಬರೆದುಕೊಂಡರು. 1774ರಲ್ಲಿ ಖುಲಾಸೆಯಾದವರಿಂದ ಫೀಸು ಕೇಳಬಾರದು ಅಂತ ಕಾನೂನೇ ಬಂತು. ಶ್ಯೂರಿಟಿ ಇಲ್ಲದೆ ಕೂತಿರುವವರ ಬಗ್ಗೆ ಓದಿದಾಗೆಲ್ಲ ನನಗೆ ಇದು ನೆನಪಾಗಿ ಹೊಟ್ಟೆ ಉರಿಯುತ್ತದೆ. 250 ವರ್ಷ ಆಯಿತು.

ಮೂರನೇ ಬೆಂಚು:
ಅಮೆರಿಕದ ಇಲಿನಾಯ್ ರಾಜ್ಯ 2023ರ ಸೆಪ್ಟೆಂಬರ್‌ನಲ್ಲಿ ದುಡ್ಡು ಕಟ್ಟಿ ಪಡೆಯುವ ಜಾಮೀನನ್ನೇ ಪೂರ್ತಿ ತೆಗೆದುಹಾಕಿತು. ಜಡ್ಜ್ ಅಪಾಯ ನೋಡಿ ಬಿಡಬೇಕು ಅಥವಾ ಇಟ್ಟುಕೊಳ್ಳಬೇಕು, ಜೇಬು ನೋಡುವ ಹಾಗಿಲ್ಲ.

ಬೆಳಗಿನ ಪಾಳಿ:
ನಾನು ವಾರ್ಡರ್ ಆಗಿದ್ದು ನಿವೃತ್ತನಾದವನು. ಒಳಗಿದ್ದವನು ಅವರು ಬರೆದಿರುವ ಎಣಿಕೆ ವಿಚಾರ ಅಕ್ಷರಶಃ ನಿಜ. ನಮ್ಮ ಕಡೆಯಿಂದಲೂ ಕೇಳಿ.

ಒಬ್ಬ ವಾರ್ಡರ್ ಎಷ್ಟು ಜನರನ್ನು ನೋಡಿಕೊಳ್ಳಬೇಕು ಅಂತ ಕಾಗದದ ಮೇಲೆ ಒಂದು ಲೆಕ್ಕ ಇರುತ್ತದೆ. ಪಾಳಿಯಲ್ಲಿ ನಿಂತಾಗ ಆ ಲೆಕ್ಕ ಇರುವುದಿಲ್ಲ, ಜನ ಇರುತ್ತಾರೆ. ಜಾಗ ಇಲ್ಲದ ಕಡೆ ಸರದಿ ಮೇಲೆ ಮಲಗುತ್ತಾರೆ. ನಿದ್ದೆ ಇಲ್ಲದವನು ಸಿಡುಕುತ್ತಾನೆ, ಅದನ್ನು ತಡೆಯಲು ನಾವು ಗದರುತ್ತೇವೆ. ಹೀಗೆ ಬೆಳೆಯುತ್ತಾ ಹೋಗುತ್ತದೆ. ನಮ್ಮಲ್ಲಿ ಕೆಲವರು ಕೆಟ್ಟವರೇ ಇದ್ದರು, ಅದನ್ನು ಮುಚ್ಚಿಡುವುದಿಲ್ಲ. ಆದರೆ ಜಾಸ್ತಿ ಜನ ಸುಸ್ತಾದವರು.

ಕಾಗದ ಹಂಚುವ ಕೆಲಸ ನನಗೆ ಬಹಳ ದಿನ ಇತ್ತು. ಹೊರಗಿಂದ ಬಂದ ಪ್ರತಿ ಕಾಗದ ಒಡೆದು ಓದಿ ಒಳಗೆ ಕೊಡಬೇಕು. ವಯಸ್ಸಾದ ಒಬ್ಬ ಕೈದಿ, ಅವನಿಗೆ ಯಾರೂ ಬರೆಯುತ್ತಿರಲಿಲ್ಲ. ಆದರೂ ಕಾಗದದ ಹೊತ್ತಿಗೆ ಬಂದು ಸಾಲಿನ ಕೊನೆಯಲ್ಲಿ ನಿಲ್ಲುತ್ತಿದ್ದ. ಹೆಸರು ಕೂಗಿ ಮುಗಿದ ಮೇಲೆ ತಲೆ ಆಡಿಸಿ ಹೋಗುತ್ತಿದ್ದ. ಯಾಕಪ್ಪಾ ದಿನಾ ಬರುತ್ತೀಯ ಅಂದರೆ "ಇದ್ದರೆ ಇರಲಿ ಅಂತ ಸಾರ್" ಅಂದ. ಕಿರಿಯವಳೇ, ನೀವು ಅಣ್ಣನಿಗೆ ಬರೆಯುತ್ತಿದ್ದಿರಾ ಗೊತ್ತಿಲ್ಲ. ಬರೆದಿದ್ದರೆ ಆ ಕಾಗದಗಳು ಆ ಚೀಲದಲ್ಲೇ ಇರುತ್ತವೆ.

ಹೊಳೆ ದಂಡೆ:
ವಾರ್ಡರ್‌ಗಳ ವಿಚಾರ ಬಂದಿದ್ದಕ್ಕೆ ಹೇಳುತ್ತೇನೆ. 1971ರಲ್ಲಿ ಅಮೆರಿಕದಲ್ಲಿ ನಡೆದ ಸ್ಟ್ಯಾನ್‌ಫರ್ಡ್ ಪ್ರಯೋಗ ಕೇಳಿದ್ದೀರಾ? ಸಾಮಾನ್ಯ ಕಾಲೇಜು ಹುಡುಗರಿಗೆ ಕೈದಿ, ಕಾವಲುಗಾರ ಅಂತ ಪಾತ್ರ ಹಂಚಿದರು. ಎರಡು ವಾರ ನಡೆಯಬೇಕಿದ್ದದ್ದನ್ನು ಆರೇ ದಿನಕ್ಕೆ ನಿಲ್ಲಿಸಬೇಕಾಯಿತು. ಸಮವಸ್ತ್ರ ಹಾಕಿದ ಮೇಲೆ ಯಾರಾದರೂ ಕ್ರೂರಿಗಳಾಗುತ್ತಾರೆ ಅಂತ ಸಾಬೀತಾಯಿತು.

ಶಾಯಿ:
ಸಾಬೀತಾಗಿಲ್ಲ. ಆ ಪ್ರಯೋಗದ ಹಳೆಯ ಧ್ವನಿಮುದ್ರಣಗಳನ್ನು ಇತ್ತೀಚೆಗೆ ಮತ್ತೆ ಕೇಳಿದವರು ಬೇರೆಯದನ್ನೇ ತೋರಿಸಿದ್ದಾರೆ. ಕಾವಲುಗಾರರಿಗೆ ಕಠಿಣವಾಗಿರಿ ಅಂತ ಮೊದಲೇ ಹೇಳಿಕೊಡಲಾಗಿತ್ತು. ಒಪ್ಪದ ಹುಡುಗನೊಬ್ಬನಿಗೆ ಒತ್ತಾಯವನ್ನೂ ಮಾಡಿದ್ದರು. ಅಂದರೆ ಮೇಲಿನವರು ಏನು ಬಯಸುತ್ತಾರೋ ಅದೇ ಕೆಳಗೆ ನಡೆಯುತ್ತದೆ. ಇದು ನನಗೆ ಇನ್ನೂ ಮುಖ್ಯ ಅನ್ನಿಸುತ್ತದೆ, ಯಾಕಂದರೆ ಮೇಲಿನವರು ಬೇರೆ ಥರ ಬಯಸಿದರೆ ಬೇರೆ ಥರವೂ ನಡೆಯುತ್ತದೆ.

ಬೆಳಗಿನ ಪಾಳಿ:
ಇದು ಸರಿ. ಸೂಪರಿಂಟೆಂಡೆಂಟ್ ಬದಲಾದ ವಾರದಲ್ಲೇ ಇಡೀ ಜೈಲಿನ ದನಿ ಬದಲಾಗುವುದನ್ನು ನೋಡಿದ್ದೇನೆ.

ಹಳೇ ಕಡತ:
ಒಳ್ಳೆಯ ಉದ್ದೇಶದಿಂದಲೂ ಕೆಟ್ಟದ್ದಾಗುತ್ತದೆ ಅನ್ನುವುದಕ್ಕೆ ಅಮೆರಿಕದ ಫಿಲಡೆಲ್ಫಿಯಾದ ಈಸ್ಟರ್ನ್ ಸ್ಟೇಟ್ ಜೈಲು ಇದೆ, 1829ರಲ್ಲಿ ಶುರುವಾಯಿತು. ಕಟ್ಟಿಸಿದವರು ಕ್ರೂರಿಗಳಲ್ಲ, ದೈವಭಕ್ತರು. ಹೊಡೆಯುವುದು ಬೇಡ, ಒಬ್ಬನೇ ಕೂತು ಯೋಚಿಸಿ ಪಶ್ಚಾತ್ತಾಪ ಪಡಲಿ ಅಂದರು. ಪ್ರತಿಯೊಬ್ಬನಿಗೂ ಒಂಟಿ ಕೋಣೆ. ಹೊರಗೆ ಕರೆದೊಯ್ಯುವಾಗ ತಲೆಗೆ ಮುಸುಕು, ಇನ್ನೊಬ್ಬ ಕೈದಿಯ ಮುಖ ಕಾಣಬಾರದು. 1842ರಲ್ಲಿ ಕಾದಂಬರಿಕಾರ ಚಾರ್ಲ್ಸ್ ಡಿಕನ್ಸ್ ಹೋಗಿ ನೋಡಿದರು. ಮನಸ್ಸಿನ ಮೇಲೆ ನಡೆಯುವ ಈ ಹಿಂಸೆ ಮೈಗೆ ಕೊಡುವ ಹಿಂಸೆಗಿಂತ ಕೆಟ್ಟದ್ದು ಅಂತ ಬರೆದರು. ಇಷ್ಟಾದರೂ ಆ ಪದ್ಧತಿ ಅಲ್ಲಿ ಅಧಿಕೃತವಾಗಿ ನಿಂತದ್ದು 1913ರಲ್ಲಿ.

ಕಪ್ಪು ಕೋಟು:
ಬೇರೆ ಕಡೆ ನಿಂತಿಲ್ಲ. ಅಮೆರಿಕದ್ದೇ ಲೂಸಿಯಾನಾ ರಾಜ್ಯದಲ್ಲಿ ಆಲ್ಬರ್ಟ್ ವುಡ್‌ಫಾಕ್ಸ್ ಅನ್ನುವವರು 40 ವರ್ಷಕ್ಕಿಂತ ಹೆಚ್ಚು ಕಾಲ ಒಂಟಿ ಸೆಲ್‌ನಲ್ಲಿದ್ದು 2016ರಲ್ಲಿ ಹೊರಗೆ ಬಂದರು. ನಾನು ಮೇಲೆ ಹೇಳಿದ ಮಂಡೇಲಾ ನಿಯಮಗಳ ಪ್ರಕಾರ ದಿನಕ್ಕೆ 22 ಗಂಟೆ ಅಥವಾ ಅದಕ್ಕಿಂತ ಹೆಚ್ಚು ಹೊತ್ತು ಮನುಷ್ಯರ ಒಡನಾಟವಿಲ್ಲದೆ ಇಡುವುದೇ ಏಕಾಂತ ಸೆರೆ. ಸತತ 15 ದಿನ ದಾಟಿದರೆ ನಿಷಿದ್ಧ. 15 ದಿನ ಎಲ್ಲಿ, 40 ವರ್ಷ ಎಲ್ಲಿ.

ಮಾತಿಲ್ಲದ ಮನೆ:
ನೇರ ಮಾತು ಅವರು ಅನ್ಯಾಯವಾದವರ ಮನೆ ಬಗ್ಗೆ ಕೇಳಿದ್ದರು. ನಾನು ಅಂಥ ಮನೆಯವಳು. ನಮ್ಮ ಮನೆಯ ಒಬ್ಬರನ್ನು ಕೊಂದವನಿಗೆ ಜೀವಾವಧಿ ಆಗಿದೆ.

ಅವನು ಒಳಗೆ ಕಷ್ಟಪಡಬೇಕು ಅಂತ ನಾನೂ ಬಯಸಿದ್ದೆ. ಈಗಲೂ ಅವನನ್ನು ಕ್ಷಮಿಸಿಲ್ಲ, ಕ್ಷಮಿಸಿ ಅಂತ ಯಾರೂ ಉಪದೇಶ ಮಾಡಬೇಡಿ. ಆದರೆ ಅವನಿಗೆ ಬೆನ್ನು ಚಾಚಿ ಮಲಗಲು ಜಾಗ ಇಲ್ಲ ಅಂತ ಗೊತ್ತಾದರೆ ನನಗೆ ಏನೂ ಸಿಗುವುದಿಲ್ಲ. ನಮಗೆ ನಿಜವಾಗಿ ನೋವಾದದ್ದು ಬೇರೆ. ಅವನು ಪೆರೋಲ್ ಮೇಲೆ ಹೊರಗೆ ಬಂದಿದ್ದಾನೆ ಅನ್ನುವುದು ನಮಗೆ ಗೊತ್ತಾದದ್ದು ಬೀದಿಯಲ್ಲಿ ಎದುರು ಸಿಕ್ಕಾಗ. ಒಂದು ಫೋನು, ಒಂದು ಕಾಗದ ಯಾರೂ ಹಾಕಲಿಲ್ಲ. ವಿಚಾರಣೆ ನಡೆದಾಗಲೂ ಅಷ್ಟೇ, ತಾರೀಕು ಮುಂದೆ ಹೋಗಿದೆ ಅಂತ ಅಲ್ಲಿಗೆ ಹೋದ ಮೇಲೆ ತಿಳಿಯುತ್ತಿತ್ತು. ನಮ್ಮನ್ನೂ ಕಾಯಿಸಿದರು. ನಮ್ಮ ಹೆಸರಿನಲ್ಲಿ ಕೈದಿಗಳನ್ನು ಇನ್ನಷ್ಟು ಹಿಂಸಿಸಿ ಅಂತ ಹೇಳುವವರು ದಯವಿಟ್ಟು ನಮ್ಮನ್ನು ಒಮ್ಮೆ ಕೇಳಿ.

ನೇರ ಮಾತು:
ನಿಮ್ಮ ಮಾತು ಓದಿ ಸ್ವಲ್ಪ ಹೊತ್ತು ಏನೂ ಬರೆಯಲಾಗಲಿಲ್ಲ, ಅಕ್ಕ. ಹೊರಗೆ ಬಿಡುವ ಮುಂಚೆ ನಿಮ್ಮ ಮನೆಗೆ ತಿಳಿಸಲೇಬೇಕಿತ್ತು, ಅದರಲ್ಲಿ ಎರಡು ಮಾತಿಲ್ಲ. ಆದರೂ ಶಿಕ್ಷೆ ಶಿಕ್ಷೆಯ ಹಾಗೆ ಇರಬೇಕು ಅನ್ನುವ ನನ್ನ ಮಾತು ಹಾಗೇ ಇದೆ. ನಾರ್ವೆಯ ಜೈಲುಗಳ ಫೋಟೋ ನೋಡಿದರೆ ಹಾಸ್ಟೆಲ್ ಥರ ಇವೆ.

ನದಿಮೀನು:
ಹಾಲ್ಡನ್ ಜೈಲಾ? 2010ರಲ್ಲಿ ಶುರುವಾದದ್ದು. ಕಿಟಕಿಗೆ ಸರಳಿಲ್ಲ, ಸ್ಟುಡಿಯೋ ಇದೆ, ಸಿಬ್ಬಂದಿ ಕೈದಿಗಳ ಜೊತೆ ಕೂತು ಉಣ್ಣುತ್ತಾರೆ. ಆದರೆ ಸುತ್ತ ದೊಡ್ಡ ಗೋಡೆ ಇದೆ, ಯಾರೂ ಮನೆಗೆ ಹೋಗುವ ಹಾಗಿಲ್ಲ. ಹೊರಗಿನ ಬದುಕಿಗೆ ಎಷ್ಟು ಹತ್ತಿರ ಇರುತ್ತದೋ ಅಷ್ಟು ಸುಲಭವಾಗಿ ಹೊರಗೆ ಬದುಕುತ್ತಾರೆ ಅನ್ನುವುದು ಅವರ ಲೆಕ್ಕ. ನಾರ್ವೆಯಲ್ಲಿ ಎರಡು ವರ್ಷದೊಳಗೆ ಮತ್ತೆ ಶಿಕ್ಷೆಗೆ ಒಳಗಾಗುವವರು ನೂರಕ್ಕೆ ಇಪ್ಪತ್ತರ ಆಸುಪಾಸು.

ಶಾಯಿ:
ಆ ಇಪ್ಪತ್ತನ್ನು ಹಿಡಿದು ಬೇರೆ ದೇಶದ ಜೊತೆ ಹೋಲಿಸುವಾಗ ಹುಷಾರು. ಒಂದು ದೇಶ ಎರಡು ವರ್ಷ ನೋಡುತ್ತದೆ, ಇನ್ನೊಂದು ಐದು. ಒಂದು ಮತ್ತೆ ಬಂಧನವಾದರೆ ಲೆಕ್ಕ ಹಾಕುತ್ತದೆ, ಇನ್ನೊಂದು ಮತ್ತೆ ಶಿಕ್ಷೆಯಾದರೆ ಮಾತ್ರ. ನಾರ್ವೆ ಮಾಡುತ್ತಿರುವುದು ಸರಿ ಅಂತಲೇ ನನ್ನ ಅಭಿಪ್ರಾಯ, ಆದರೆ ಆ ಒಂದು ಅಂಕಿಯ ಮೇಲೆ ವಾದ ನಿಲ್ಲಿಸಬೇಡಿ. ಅದೇ ನಾರ್ವೆ 2015ರಲ್ಲಿ ಜಾಗ ಸಾಲದೆ ನೆದರ್ಲೆಂಡ್ಸ್‌ನ ಒಂದು ಜೈಲನ್ನು ಬಾಡಿಗೆಗೆ ಪಡೆದು ತನ್ನ ಕೈದಿಗಳನ್ನು ಅಲ್ಲಿಗೆ ಕಳಿಸಿತು. ಅಲ್ಲಿಗೆ ಹೋದವರಿಗೆ ಮನೆಯವರು ದೂರವಾದರು.

ಮೂರನೇ ಬೆಂಚು:
ಜೈಲನ್ನು ಬಾಡಿಗೆಗೆ ಕೊಡುತ್ತಾರಾ?! ಇದು ಗೊತ್ತೇ ಇರಲಿಲ್ಲ.

ಶಾಯಿ:
ಹೌದು, ನೆದರ್ಲೆಂಡ್ಸ್‌ನಲ್ಲಿ ಆಗ ಕೈದಿಗಳು ಕಮ್ಮಿಯಾಗಿ ಜೈಲುಗಳು ಖಾಲಿ ಬಿದ್ದಿದ್ದವು. ನೊರ್ಗರ್‌ಹಾವೆನ್ ಅಂತ ಆ ಜೈಲಿನ ಹೆಸರು. 2018ರ ತನಕ ನಡೆಯಿತು.

ಭಾನುವಾರದ ಸಾಲು:
ಮನೆಯವರು ದೂರವಾಗುವುದರ ಬಗ್ಗೆ ನಾನು ಹೇಳಬೇಕು. ನನ್ನ ಗಂಡ ಈಗಲೂ ಒಳಗಿದ್ದಾರೆ.

ಸಂದರ್ಶನಕ್ಕೆ ಹೋಗುವ ದಿನ ಬೆಳಗಾಗುವ ಮುಂಚೆ ಹೊರಡಬೇಕು. ಹೆಸರು ಬರೆಸಿ, ಗುರುತಿನ ಚೀಟಿ ಕೊಟ್ಟು, ಸಾಲಿನಲ್ಲಿ ನಿಂತು, ನಮ್ಮ ಸರದಿ ಬರುವಾಗ ಮಗು ನಿದ್ದೆ ಹೋಗಿರುತ್ತದೆ. ಸಿಗುವುದು ಕೆಲವೇ ನಿಮಿಷ. ಒಂದೇ ಕೋಣೆಯಲ್ಲಿ ಎಲ್ಲರೂ ಒಟ್ಟಿಗೆ ಮಾತಾಡುವುದರಿಂದ ಕೂಗಬೇಕಾಗುತ್ತದೆ. ಜಾಲರಿಯ ಆಚೆಯಿಂದ ಅವರು ಮಗುವಿನ ಹೆಸರು ಕೂಗುತ್ತಾರೆ, ಅದು ನನ್ನ ಸೆರಗಿನ ಹಿಂದೆ ಬಚ್ಚಿಟ್ಟುಕೊಳ್ಳುತ್ತದೆ. ಇರುವ ನಿಮಿಷದಲ್ಲಿ ವಕೀಲರ ಮಾತು, ದುಡ್ಡಿನ ಮಾತು, ಅತ್ತೆಯ ಆರೋಗ್ಯ. ಹೇಗಿದ್ದೀರಿ ಅಂತ ಕೇಳುವುದು ಉಳಿದೇ ಹೋಗುತ್ತದೆ. ಮೊದಲು ವಾರ ತಪ್ಪದೆ ಹೋಗುತ್ತಿದ್ದೆ. ಈಗ ಆಗುವುದಿಲ್ಲ, ಕೆಲಸ ಬಿಟ್ಟು ಹೋದರೆ ಆ ದಿನದ ಕೂಲಿ ಹೋಗುತ್ತದೆ. ಹೋಗದ ವಾರ ಮನಸ್ಸಿಗೆ ಸಮಾಧಾನವೇ ಇರುವುದಿಲ್ಲ.

ನಾನು ಯಾವ ತಪ್ಪನ್ನೂ ಮಾಡಿಲ್ಲ, ನನ್ನ ಮಗುವೂ ಮಾಡಿಲ್ಲ.

ಕಿರಿಯವಳು:
ಅಕ್ಕ, ನಮ್ಮ ಅಮ್ಮನೂ ಇದನ್ನೇ ಹೇಳುತ್ತಿದ್ದಳು, ಕೂಗಿ ಕೂಗಿ ಗಂಟಲು ಕಟ್ಟಿಕೊಂಡು ಬರುತ್ತಿದ್ದಳು. ನಿಮಗೆ ಆದಷ್ಟು ಬೇಗ ಒಳ್ಳೆಯದಾಗಲಿ.

ಹಳೇ ಕಡತ:
ದಕ್ಷಿಣ ಆಫ್ರಿಕಾದ ನೆಲ್ಸನ್ ಮಂಡೇಲಾ 1964ರಲ್ಲಿ ರಾಬೆನ್ ದ್ವೀಪದ ಜೈಲಿಗೆ ಹೋದಾಗ ಆರು ತಿಂಗಳಿಗೆ ಒಂದು ಕಾಗದ, ಒಂದು ಭೇಟಿ ಅಷ್ಟೇ. ಕೈದಿಗೆ ಮನೆಯ ದನಿ ಕೇಳಿಸಬಾರದು ಅನ್ನುವುದು ಹಳೆಯ ಉಪಾಯ. ಅಮೆರಿಕದಲ್ಲಿ ಕಂಪನಿಗಳು ಜೈಲಿನ ಫೋನ್ ಕರೆಗೆ ಮನೆಯವರಿಂದ ಸಿಕ್ಕಾಪಟ್ಟೆ ವಸೂಲಿ ಮಾಡುತ್ತಿದ್ದವು. ಮೊಮ್ಮಗನ ಜೊತೆ ಮಾತಾಡಲು ದುಡ್ಡು ಹೊಂದಿಸಲಾಗದ ಒಬ್ಬ ಅಜ್ಜಿ, ಮಾರ್ಥಾ ರೈಟ್, ಹೋರಾಟಕ್ಕೆ ನಿಂತರು. ಅವರ ಹೆಸರಿನಲ್ಲೇ 2023ರ ಜನವರಿಯಲ್ಲಿ ಕಾನೂನು ಬಂತು.

ಹೊಳೆ ದಂಡೆ:
ಜೈಲಿನ ಕೆಲಸದ ಬಗ್ಗೆ ಯಾರೂ ಹೇಳಲಿಲ್ಲ. ಒಳಗೂ ಜಾತಿ ನೋಡಿ ಕೆಲಸ ಹಂಚುತ್ತಿದ್ದರು, ಗುಡಿಸುವುದು ಒಬ್ಬರಿಗೆ, ಅಡುಗೆ ಇನ್ನೊಬ್ಬರಿಗೆ. ಕೈಪಿಡಿಯಲ್ಲೇ ಬರೆದಿತ್ತು.

ಕಪ್ಪು ಕೋಟು:
ಹಲವು ರಾಜ್ಯಗಳ ಜೈಲು ಕೈಪಿಡಿಗಳಲ್ಲಿ ಇತ್ತು, ಹೌದು. ಒಬ್ಬ ಪತ್ರಕರ್ತೆ ಸುಪ್ರೀಂ ಕೋರ್ಟಿಗೆ ಹೋದರು. 2024ರ ಅಕ್ಟೋಬರ್ 3ರಂದು ಕೋರ್ಟು ಆ ನಿಯಮಗಳನ್ನು ಅಸಾಂವಿಧಾನಿಕ ಅಂತ ಹೊಡೆದುಹಾಕಿ, ಕೈದಿಗಳ ರಿಜಿಸ್ಟರ್‌ನಲ್ಲಿ ಜಾತಿಯ ಕಾಲಂ ತೆಗೆಯಿರಿ ಅಂದಿತು. ಸಂವಿಧಾನ ಬಂದು 74 ವರ್ಷವಾದ ಮೇಲೆ.

ಶಾಯಿ:
ನಾನು ಕೆಲವು ಕಾಲ ಜೈಲಿನಲ್ಲಿ ಅಕ್ಷರ ಕಲಿಸಲು ಹೋಗುತ್ತಿದ್ದೆ. ದೊಡ್ಡ ದೊಡ್ಡ ಗಂಡಸರು ಸ್ಲೇಟಿನ ಮೇಲೆ ಬಗ್ಗಿ ಬರೆಯುತ್ತಿದ್ದರು. ಹೆಚ್ಚಿನವರು ಮೊದಲು ಕಲಿಯಬೇಕು ಅಂದದ್ದು ತಮ್ಮ ಹೆಸರಲ್ಲ, ಮನೆಯಲ್ಲಿರುವ ಮಗುವಿನ ಹೆಸರು. ಒಬ್ಬರು ತಮ್ಮ ಮೇಲಿನ ಆರೋಪಪಟ್ಟಿಯನ್ನೇ ತಂದು ಇದನ್ನು ಓದಲು ಕಲಿಸಿ ಅಂದರು. ಎಷ್ಟೋ ಕಾಲದಿಂದ ಒಳಗಿದ್ದವರು, ಅದರಲ್ಲಿ ಏನು ಬರೆದಿದೆ ಅಂತ ಅವರಿಗೆ ಗೊತ್ತಿರಲಿಲ್ಲ. ಅವತ್ತು ಪಾಠ ಮುಂದೆ ಹೋಗಲಿಲ್ಲ, ಆ ಪೇಪರನ್ನೇ ಸಾಲು ಸಾಲಾಗಿ ಓದಿದೆವು.

ಬ್ರೆಜಿಲ್‌ನಲ್ಲಿ 2012ರಿಂದ ಒಂದು ಯೋಜನೆ ಇದೆ. ಒಂದು ಪುಸ್ತಕ ಓದಿ ಅದರ ಬಗ್ಗೆ ಬರೆದುಕೊಟ್ಟರೆ ಶಿಕ್ಷೆಯಲ್ಲಿ 4 ದಿನ ಕಮ್ಮಿ. ವರ್ಷಕ್ಕೆ 12 ಪುಸ್ತಕದ ತನಕ, ಅಂದರೆ 48 ದಿನ.

ನೇರ ಮಾತು:
ಇದು ಒಳ್ಳೆಯದು. ಇದಕ್ಕೆ ನನ್ನ ವಿರೋಧ ಇಲ್ಲ. ಏನೋ ಮಾಡಿ ಗಳಿಸಿಕೊಳ್ಳುತ್ತಾರೆ.

ಮನಸಿನ ಪಾಠ:
ಆಪ್ತಸಮಾಲೋಚಕಿಯಾಗಿ ಹೇಳುತ್ತಿದ್ದೇನೆ. ಕಿರಿಯವಳು ಕೇಳಿದ ಪ್ರಶ್ನೆ ಎಲ್ಲೋ ಕಳೆದುಹೋಗುತ್ತಿದೆ. ಎಷ್ಟು ದಿನ ಹೀಗೆ ಅಂತ ಖಚಿತವಾಗಿ ಯಾರೂ ಹೇಳಲು ಆಗುವುದಿಲ್ಲ. ಆದರೆ ಮೊದಲ ವಾರಗಳು ತುಂಬಾ ಸೂಕ್ಷ್ಮ. ಅಮೆರಿಕದ ವಾಷಿಂಗ್ಟನ್ ರಾಜ್ಯದಲ್ಲಿ ಬಿಡುಗಡೆಯಾದವರ ಬಗ್ಗೆ ನಡೆದ ಅಧ್ಯಯನ 2007ರಲ್ಲಿ ಪ್ರಕಟವಾಯಿತು. ಹೊರಗೆ ಬಂದ ಮೊದಲ ಎರಡು ವಾರದಲ್ಲಿ ಅವರಿಗೆ ಸಾವಿನ ಅಪಾಯ ಬೇರೆಯವರಿಗಿಂತ 12 ಪಟ್ಟಿಗೂ ಹೆಚ್ಚಿತ್ತು. ಮಾದಕ ವಸ್ತು ಅತಿಯಾಗಿ ಸೇವಿಸಿದ್ದು ದೊಡ್ಡ ಕಾರಣ. ನಿಮ್ಮ ಅಣ್ಣನಿಗೆ ಅಂಥದ್ದೇನೂ ಇಲ್ಲದಿರಬಹುದು. ಆದರೂ ಬಿಡುಗಡೆ ಅಂದರೆ ಎಲ್ಲ ಮುಗಿಯಿತು ಅಂತ ಬಿಟ್ಟುಬಿಡಬೇಡಿ.

ನಿದ್ದೆ ಪೂರ್ತಿ ಕೆಟ್ಟಿದ್ದರೆ, ಮಾತು ದಿನದಿಂದ ದಿನಕ್ಕೆ ಕಮ್ಮಿಯಾಗುತ್ತಿದ್ದರೆ, ಬದುಕಿ ಏನು ಅನ್ನುವ ಥರ ಮಾತಾಡಿದರೆ ಕಾಯಬೇಡಿ, ಮನೋವೈದ್ಯರ ಹತ್ತಿರ ಕರೆದುಕೊಂಡು ಹೋಗಿ. ಒಳಗೆ ಏನಾಯಿತು ಅಂತ ಕೆದಕಬೇಡಿ. ಅವರೇ ಹೇಳಿದರೆ ಮಧ್ಯೆ ಬಾಯಿ ಹಾಕದೆ ಕೇಳಿ.

ಒಳಗಿದ್ದವನು:
ಡಾಕ್ಟರಮ್ಮ ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ಕಣ್ಣು ತೋರಿಸಿ. ಗೋಡೆಯಿಂದ ಗೋಡೆಗೆ ನೋಡಿ ನೋಡಿ ನನಗೆ ದೂರದ್ದು ನೋಡಿದರೆ ತಲೆ ಸುತ್ತುತ್ತಿತ್ತು. ರಸ್ತೆ ದಾಟುವಾಗ ಗಾಡಿ ಎಷ್ಟು ಹತ್ತಿರ ಬಂತು ಅನ್ನುವ ಅಂದಾಜೇ ಸಿಗುತ್ತಿರಲಿಲ್ಲ. ಹಲ್ಲೂ ತೋರಿಸಿ. ಒಳಗೆ ಹಲ್ಲು ನೋವು ಬಂದರೆ ಬಹಳ ಜನ ತಡೆದುಕೊಂಡೇ ಇರುತ್ತಾರೆ. ಸಂಜೆ ಹೊತ್ತು ಅವನ ಜೊತೆ ನಡೆಯಿರಿ, ಸುಮ್ನೆ, ಮಾತಿಲ್ಲದೆ. ಬೀಗ ಬೀಳುವ ಹೊತ್ತು ಅದು. ಆಗ ಮನೆಯೊಳಗೆ ಕೂರುವುದು ಕಷ್ಟ.

ಕಿರಿಯವಳು:
ಎಲ್ಲರ ಮಾತೂ ಓದಿದೆ. ಅಪ್ಪನಿಗೂ ಓದಿ ಹೇಳಿದೆ, ಅಂಗಿ ತಲೆಯಡಿ ಇಟ್ಟುಕೊಳ್ಳುವ ಹುಡುಗನ ವಿಚಾರಕ್ಕೆ ಬಂದಾಗ ಎದ್ದು ಹೊರಗೆ ಹೋದರು. ಸಂಜೆ ಅವರೇ ಅಣ್ಣನನ್ನು ನಡೆಯೋಣ ಬಾ ಅಂತ ಕರೆದರು.

ಇನ್ನೆರಡು ಪ್ರಶ್ನೆ ಇವೆ. ಮನೆಯಲ್ಲಿ ಒಂದು ಮದುವೆ ಬರುತ್ತಿದೆ. ಇಷ್ಟು ದಿನ ಎಲ್ಲಿದ್ದ ಅಂತ ನೆಂಟರು ಕೇಳಿದರೆ ಏನು ಹೇಳುವುದು? ಮತ್ತೆ ಕಪ್ಪು ಕೋಟು ಸಾರ್, ಕಳೆದುಹೋದ ವರ್ಷಗಳಿಗೆ ಪರಿಹಾರ ಅಂತ ಏನಾದರೂ ಇದೆಯಾ?

ನದಿಮೀನು:
ದೂರದ ಊರಿನಲ್ಲಿ ಕೆಲಸ ಮಾಡುತ್ತಿದ್ದ ಅನ್ನಿ, ಮುಗಿಯಿತು.

ಮಾತಿಲ್ಲದ ಮನೆ:
ಬೇಡ. ಖುಲಾಸೆ ಆದವರು ಯಾಕೆ ಸುಳ್ಳು ಹೇಳಬೇಕು? ಸುಳ್ಳು ಹೇಳಿದರೆ ಅದನ್ನು ಕಾಯುವ ಕೆಲಸ ಅವನ ತಲೆಗೆ ಬೀಳುತ್ತದೆ.

ಒಳಗಿದ್ದವನು:
ಅವನನ್ನೇ ಕೇಳಿ. ಮದುವೆಗೆ ಬರಬೇಕಾ ಬೇಡವಾ ಅನ್ನುವುದನ್ನೂ ಅವನಿಗೇ ಬಿಡಿ. ಬರುತ್ತೇನೆ ಅಂದರೆ, ಸಾಕು ಅನ್ನಿಸಿದಾಗ ಎದ್ದು ಹೊರಡಲು ಒಬ್ಬರು ಜೊತೆಗಿರಿ.

ಕಪ್ಪು ಕೋಟು:
ಪರಿಹಾರದ ಬಗ್ಗೆ ಇದ್ದದ್ದು ಇದ್ದ ಹಾಗೆ ಹೇಳುತ್ತೇನೆ. ಜರ್ಮನಿಯಲ್ಲಿ ಖುಲಾಸೆಯಾದವರಿಗೆ ಒಳಗಿದ್ದ ಪ್ರತಿ ದಿನಕ್ಕೆ 75 ಯೂರೊ ಅಂತ ಕಾನೂನಿನಲ್ಲೇ ಇದೆ. ನಮ್ಮಲ್ಲಿ ಅಂಥ ಕಾನೂನು ಇಲ್ಲ. ಕಾನೂನು ಆಯೋಗ 2018ರಲ್ಲಿ ತನ್ನ 277ನೇ ವರದಿಯಲ್ಲಿ ಇಂಥದ್ದೊಂದು ಬೇಕು ಅಂತ ಶಿಫಾರಸು ಮಾಡಿದೆ. ಕೋರ್ಟುಗಳು ಕೆಲವು ಸಲ ಕೊಟ್ಟಿವೆ. ಬಿಹಾರದ ರುದುಲ್ ಸಾಹ್ 1968ರಲ್ಲಿ ಖುಲಾಸೆಯಾಗಿ, 1982ರ ತನಕ ಒಳಗೇ ಇದ್ದರು, 14 ವರ್ಷ. 1983ರಲ್ಲಿ ಸುಪ್ರೀಂ ಕೋರ್ಟು ಅವರಿಗೆ ಪರಿಹಾರ ಕೊಡಿಸಿತು. ಆದರೆ ಅದು ಖುಲಾಸೆಯ ನಂತರವೂ ಇಟ್ಟುಕೊಂಡ ಕೇಸು. ವಿಚಾರಣೆ ತಡವಾಯಿತು ಅನ್ನುವುದಷ್ಟೇ ಇದ್ದರೆ ಗೆಲ್ಲುವುದು ಕಷ್ಟ. ಪೊಲೀಸರು ಸುಳ್ಳು ಸಾಕ್ಷ್ಯ ಹುಟ್ಟುಹಾಕಿದ್ದಾರೆ ಅಂತ ತೀರ್ಪಿನಲ್ಲೇ ಬರೆದಿದ್ದರೆ ದಾರಿ ಇದೆ. ತೀರ್ಪನ್ನು ಪೂರ್ತಿ ಓದಿಸಿ. ಫೀಸಿಗೆ ತೊಂದರೆ ಇದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಅರ್ಹರಿಗೆ ವಕೀಲರನ್ನು ಉಚಿತವಾಗಿ ಕೊಡುತ್ತಾರೆ.

ಭಾನುವಾರದ ಸಾಲು ಅವರಿಗೂ ಒಂದು ಮಾತು. ನಿಮ್ಮವರು ವಿಚಾರಣಾಧೀನರಾಗಿದ್ದರೆ ಸಿಆರ್‌ಪಿಸಿ ಜಾಗಕ್ಕೆ ಬಂದಿರುವ ಹೊಸ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 479ನೇ ಸೆಕ್ಷನ್ ಬಗ್ಗೆ ವಕೀಲರನ್ನು ಕೇಳಿ. ಹಿಂದೆ ಎಂದೂ ಶಿಕ್ಷೆಯಾಗದವರು ಆ ಅಪರಾಧಕ್ಕಿರುವ ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ ಒಳಗೆ ಕಳೆದಿದ್ದರೆ ಬಾಂಡ್ ಮೇಲೆ ಬಿಡಬೇಕು. ಮರಣದಂಡನೆ, ಜೀವಾವಧಿ ಇರುವ ಅಪರಾಧಗಳಿಗೆ ಇದು ಅನ್ವಯಿಸುವುದಿಲ್ಲ. ಬೇರೆ ಕೇಸುಗಳೂ ಬಾಕಿ ಇದ್ದರೆ ಅಡ್ಡಿಯಾಗುತ್ತದೆ. ಕೋರ್ಟಿಗೆ ಅರ್ಜಿ ಹಾಕುವ ಹೊಣೆ ಜೈಲು ಸೂಪರಿಂಟೆಂಡೆಂಟ್ ಮೇಲೆಯೇ ಇದೆ. ಹಾಕಿದ್ದಾರಾ ಅಂತ ಕೇಳಿ.

ಭಾನುವಾರದ ಸಾಲು:
ಇದನ್ನು ಯಾರೂ ಹೇಳಿರಲಿಲ್ಲ ಸಾರ್. ಸೆಕ್ಷನ್ ನಂಬರ್ ಬರೆದುಕೊಂಡೆ. ಮುಂದಿನ ಸಲ ಹೋದಾಗ ಕೇಳುತ್ತೇನೆ.

ಕಪ್ಪು ಕೋಟು:
ಬಾಯಲ್ಲಿ ಕೇಳಬೇಡಿ, ಬರೆದು ಕೊಡಿ, ಸ್ವೀಕೃತಿ ಹಾಕಿಸಿಕೊಳ್ಳಿ. ಕಿರಿಯವಳೇ, ನೀವು ಖುಲಾಸೆ ತೀರ್ಪಿನ ದೃಢೀಕೃತ ನಕಲು ಎರಡು ಮೂರು ತೆಗೆದಿಡಿ. ಕೆಲಸಕ್ಕೆ ಸೇರುವಾಗ, ಪಾಸ್‌ಪೋರ್ಟ್‌ಗೆ, ಬಾಡಿಗೆ ಮನೆಗೆ ಪೊಲೀಸ್ ಪರಿಶೀಲನೆ ಬಂದರೆ ಹಳೆಯ ಕೇಸು ಮೇಲೆ ಬರುತ್ತದೆ. ಆಗ ತೋರಿಸಲು ಬೇಕಾಗುತ್ತದೆ. ಬಂಧಿಸಿದಾಗ ತೆಗೆದುಕೊಂಡ ಫೋನು, ಗುರುತಿನ ಚೀಟಿ ಇನ್ನೂ ಠಾಣೆಯಲ್ಲೋ ಕೋರ್ಟಿನಲ್ಲೋ ಇದ್ದರೆ ವಾಪಸ್ ಪಡೆಯಲು ಅರ್ಜಿ ಹಾಕಿ. ಬಹಳ ಜನ ಅದನ್ನು ಕೇಳುವುದೇ ಇಲ್ಲ.